ಒದ್ದೆ ಪಾದರಸ, ಒಣ ಪಾದರಸ

ಇನಾಸಬಾಬ ಹಡಗಿನ ಅಡುಗೆಯವ.
ಬೈತಖೋಲಿನ ಧಕ್ಕೆಯಲ್ಲಿ ಇಳಿದವನೇ
ಕರವಸ್ತ್ರದ ಗಂಟು ಬಿಚ್ಚಿದ:
ಗಸಗಸೆಗಿಂತ ತುಸು ದೊಡ್ಡವು, ಕರ್ರಗಿನ ಒಂಬತ್ತು ಬೀಜ.
'ಹಣ್ಣು ತಿಂದೆ ಸುಲಕ್ಷಾ, ಜೀರಿಗೆ ಮೆಣಸಿನ ಹಾಗೆ ಕೆಂಪಗೆ.
ಖಾರ ಇಲ್ಲ. ಹುಳಿ, ಆಮೇಲೆ ಸಿಹಿ, ಆಮೇಲೆ ಏನೂ ಇಲ್ಲ.
ಹಲ್ಲಿನ ಸಂದಿಯಲ್ಲಿ ಉಳಿದದ್ದು ಇಷ್ಟು.'

ಏಳು ಮೊಳೆಯಲಿಲ್ಲ. ಒಂದನ್ನು ಇರುವೆ ಒಯ್ದಿತು.
ಉಳಿದೊಂದು,
ಚಿರೆಕಲ್ಲಿನ ಪುಡಿ, ಬಳಚಿನ ಚಿಪ್ಪಿನ ಚೂರು ತುಂಬಿದ ಕರಟದಲ್ಲಿ
ಮೂರು ವರ್ಷಕ್ಕೆ
ನನ್ನ ಹೆಬ್ಬೆರಳಿನ ಮೊದಲ ಗೆಣ್ಣಿನಷ್ಟಾಯಿತು.
ಮೈತುಂಬ ಬಿಳಿ ಮುಳ್ಳು. ನಡುನಡುವೆ ಒಂದೊಂದು ಕಂದು,
ತುದಿ ಬಾಗಿ, ಥೇಟ್ ಗಾಳ,
ನೊಗ್ಲಿ ಹಿಡಿಯುವುದಕ್ಕಿಂತಲೂ ಸಣ್ಣದು.
ಆದರೆ ಅಲ್ಲಿ ಯಾವ ಮೀನು?

ಅಲ್ಲಿ ಎಂದರೆ, ಇನಾಸಬಾಬ ಹೇಳಿದ್ದು:
ಒಂದು ಮಗ್ಗುಲಿಗೆ ಕಡಲು, ಇನ್ನೊಂದಕ್ಕೆ ಮರುಭೂಮಿ,
ನಡುವೆ ಒಂದು ಬೇಲಿಯೂ ಇಲ್ಲ.
ಸುಟ್ಟ ಕಲ್ಲಿನ ಇಳಿಜಾರು. ಒಣಕಲು ಪೊದೆ.
ಪೊದೆಯ ಕಂಕುಳಲ್ಲಿ, ಅರ್ಧ ನೆರಳು ಅರ್ಧ ಜಲ್ಲಿ,
ಬಗ್ಗದವರಿಗೆ ಕಾಣದ ಜಾತಿ ಇದು.
ಬರಗಾಲಕ್ಕೆ ನೆರಿಗೆ ನೆರಿಗೆಯಾಗಿ ಕುಗ್ಗಿ
ಕಲ್ಲಿಗೆ ಕಲ್ಲೇ ಆಗಿಬಿಡುತ್ತದೆ.
ಎಂದೋ ಬೆಳಗಿಗೆ ಕಡಲಿನಿಂದ ಮಂಜು ಹತ್ತಿ ಬಂದರೆ
ಗಾಳದ ತುದಿಗೆ ಒಂದು ಹನಿ ಸಿಕ್ಕಿಬೀಳುತ್ತದೆ.
ಮೀನು ಎಂದರೆ ಅದೇ.

ನನ್ನ ಕೆಲಸ ಮಳೆ ಅಳೆಯುವುದು.
ಬೆಳಿಗ್ಗೆ ಎಂಟೂವರೆ, ಕಾರವಾರದ ಮಳೆ,
ಒಂದು ಕೈಯಲ್ಲಿ ಕೊಡೆ, ಒಂದರಲ್ಲಿ ಅಳೆಗಾಜು.
ಪುನರ್ವಸುವಿನ ಒಂದು ಬೆಳಗು ಇನ್ನೂರ ಹದಿನಾಲ್ಕು ಮಿಲಿಮೀಟರ್.
ಅದರ ಊರಿಗೆ ವರ್ಷಪೂರ್ತಿ ಬಿದ್ದರೂ ಇಷ್ಟಾಗುವುದಿಲ್ಲವಂತೆ.
ನಾನು ಸುರಿದು, ಬರೆದು, ಚೆಲ್ಲಿದೆ.
ಚೆಲ್ಲಿದ ಮಳೆ ಮಳೆಯಲ್ಲೇ ಹೋಯಿತು.

ಕಿಟಕಿಯಲ್ಲಿಟ್ಟರೆ ಇರಚಲು. ಒಳಗಿಟ್ಟರೆ ಬೂಷ್ಟು.
ಗಾಜು ಕವುಚಿದರೆ ತನ್ನ ಬೆವರಿನಲ್ಲಿ ತಾನೇ ತೋಯುತ್ತದೆ.
ಬಸಳೆ ಮಾರುವ ಸೋಮಿ ನೋಡಿ ನಕ್ಕಳು:
'ಮುಳ್ಳಿಗೆ ಕೊಡೆ ಹಿಡಿವವ್ರನ್ನ ನಾ ಕಂಡದ್ದಿಲ್ಲ ಅಮಾ.'

ಕೊನೆಗೆ ಅಂಗಳದ ಬಿಳೀ ಪೆಟ್ಟಿಗೆಯಲ್ಲಿಟ್ಟೆ,
ಉಷ್ಣಮಾಪಕಗಳು ಇರುವಲ್ಲಿ.
ನಾಲ್ಕೂ ಕಡೆ ಮರದ ಪಟ್ಟಿ, ಗಾಳಿಗೆ ದಾರಿ, ಹನಿಗೆ ಇಲ್ಲ.
ಎಡಕ್ಕೆ ಒಣ ಪಾದರಸ.
ಬಲಕ್ಕೆ ಒದ್ದೆ ಬಟ್ಟೆ ಸುತ್ತಿಕೊಂಡ ಇನ್ನೊಂದು.
ನಡುವೆ ಇದು, ಪಟ್ಟೆ ಪಟ್ಟೆ ಬೆಳಕಿನಲ್ಲಿ,
ಎರಡರ ಮಾತೂ ಕೇಳದ ಹಾಗೆ.
ನಿಯಮದ ಪ್ರಕಾರ ತಪ್ಪು. ಗೊತ್ತಿತ್ತು.

ಮಘೆಯಲ್ಲಿ ತಪಾಸಣೆಗೆ ಬಂದ ಸಾಹೇಬರು
ಕನ್ನಡಕ ಒರೆಸಿಕೊಂಡು ಬಗ್ಗಿದರು.
'ಇದು ಯಾವ ಉಪಕರಣ?'
ಉತ್ತರ ಹೊಳೆಯಲಿಲ್ಲ.
ಅವರು ಕೈ ಹಿಂದೆಗೆದುಕೊಳ್ಳಲು ಹೋದರೆ
ಅಂಗಿಯ ತೋಳು ಗಾಳಕ್ಕೆ ಸಿಕ್ಕಿತ್ತು.
ಬಿಡಿಸಲು ನನಗೆ ಸ್ವಲ್ಪ ಹೊತ್ತು ಹಿಡಿಯಿತು,
ಅಷ್ಟೂ ಹೊತ್ತು ಸಾಹೇಬರು ಮಗುವಿನಂತೆ ತೋಳು ಚಾಚಿ ನಿಂತಿದ್ದರು.
ವರದಿಯಲ್ಲಿ ಏನೂ ಬರೆಯಲಿಲ್ಲ.

ಈಗ ಮಾಘ. ದಾಖಲೆ ಪುಸ್ತಕದಲ್ಲಿ
ಸೊನ್ನೆ ಸೊನ್ನೆ ಸೊನ್ನೆ.
ಮಳೆಮಾಪಕದ ಬಾಯಿಗೆ ಜೇಡ ಬಲೆ ಕಟ್ಟಿದೆ.
ಗುಡ್ಡದ ಹುಲ್ಲು ಸುಟ್ಟು, ಚಿರೆಕಲ್ಲು ಕಾದು,
ಕಾರವಾರವೂ ಅದರ ಊರಿಗೆ ದೂರದ ನೆಂಟ ಅನ್ನಿಸುತ್ತದೆ.
ನೆತ್ತಿಯ ಸುತ್ತ ಹೂ ಬಂದಿವೆ, ಬಳೆಯ ಹಾಗೆ;
ಒಂದು ಕಡೆ ಬಳೆ ಒಡೆದಿದೆ, ಅಲ್ಲಿ ಮೊಗ್ಗೇ ಇಲ್ಲ.

ಎಂಟೂವರೆಗೆ ಸೊನ್ನೆ ಬರೆದು
ಅದೇ ಅಳೆಗಾಜಿನಿಂದ ಕರಟಕ್ಕೆ ಹನಿಸುತ್ತೇನೆ,
ಎರಡು ಗೆರೆ ನೀರು.
ಆ ಎರಡು ಮಿಲಿಮೀಟರ್
ಯಾವ ಲೆಕ್ಕದಲ್ಲೂ ಇಲ್ಲ.